ಮೈಕಿನಲ್ಲೂ ಹೇಳಲಿ

ಮದುವೆಗಳಲ್ಲಿ ಯಾರು ಏನು ಉಡುಗೊರೆ ಕೊಟ್ಟು ಆಯೇರಿ ಮಾಡಿದರೆಂದು ಮೈಕಿನಲ್ಲಿ ಕೂಗುತ್ತಾರಲ್ಲ, ಅಲ್ಲಿ ದೊಡ್ಡ ಆಯೇರಿ ಯಾವಾಗಲೂ ಚನ್ನವೀರಪ್ಪನದೇ. ಅದೇ ಚನ್ನವೀರಪ್ಪ, ಬಿಟ್ಟ ಹೆಂಡತಿಗೂ ಮಗಳಿಗೂ ಕೊಡಬೇಕಾದ ಮಧ್ಯಂತರ ಜೀವನಾಂಶದ ಆದೇಶ ರದ್ದು ಮಾಡಿರೆಂದು ಮೇಲಿನ ಕೋರ್ಟಿಗೆ ಹೋದ. ಹರಿದ ಅಂಗಿ ತೊಟ್ಟು, "ಗಂಜಿಗೂ ಗತಿಯಿಲ್ರಿ ಸಾಹೇಬರ" ಎಂದು ಕೈಮುಗಿದ.

ರೊಟ್ಟಿ ಬಡಿದು ಮಗಳನ್ನು ಸಾಕುತ್ತಿದ್ದ ಹೆಂಡತಿ ನೀಲವ್ವ ಅಳಲಿಲ್ಲ, ಜಗಳಕ್ಕೂ ನಿಲ್ಲಲಿಲ್ಲ.

"ಖರೇ ಇರಬೇಕ್ರಿ. ರದ್ದು ಮಾಡ್ರಿ. ನಾಳೆ ನಮ್ಮೂರಾಗ ಗೌಡರ ಮಗಳ ಮದುವಿ ಐತಿ. ಈ ಮಾತನ್ನ ಅಲ್ಲಿ ಮೈಕಿನ್ಯಾಗೂ ಒಮ್ಮೆ ಹೇಳ್ಲಿ, ಸಾಕು."

"ಏನಪ್ಪಾ, ಹೇಳ್ತೀಯಾ?" ಎಂದರು ನ್ಯಾಯಾಧೀಶರು.

ಚನ್ನವೀರಪ್ಪ ತನ್ನ ವಕೀಲರ ಕಿವಿಯಲ್ಲಿ ಪಿಸುಗುಟ್ಟಿದ. ವಕೀಲರು ಎದ್ದು ಅರ್ಜಿ ವಾಪಸ್ ಪಡೆದರು.

ಹೊರಡುವಾಗ ನೀಲವ್ವ ಗಂಡನ ಹತ್ತಿರ ನಿಂತಳು. "ಅಂಗಿ ಬದಲಿಸ್ಕೋರಿ. ನಾಳೆ ಮದುವಿಗೆ ಹೋಗಬೇಕಲ್ಲ."