ಮೂರನೇ ಏಟಿಗೆ ಮಾತಿಲ್ಲ

ಒಂದೂರು. ಊರ ಹೆಸರು ನನಗೂ ಗೊತ್ತಿಲ್ಲ, ನಿಮಗೂ ಬೇಡ. ಆ ಊರಲ್ಲಿ ಒಬ್ಬ ರಾಜ ಇದ್ದನಂತೆ. ರಾಜನಿಗೆ ಹೊನ್ನಿ ಅಂತ ಒಂದು ಹೆಣ್ಣಾನೆ, ಹೊನ್ನಿಗೆ ಬೊಳ್ಳ ಅಂತ ಒಬ್ಬ ಮಾವುತ. ಹನ್ನೆರಡು ಬೇಸಿಗೆ, ಹನ್ನೆರಡು ಮಳೆಗಾಲ ಅರಮನೆಯ ಚಾಕರಿ ಮಾಡಿದವನು. ಹೆಂಡತಿ ಬೈದರೂ ಬೊಳ್ಳ ಉಂಡು ಮಲಗುತ್ತಿದ್ದ. ಹೊನ್ನಿ ಮುನಿಸಿಕೊಂಡರೆ ಮಾತ್ರ ಅವನಿಗೆ ಅನ್ನ ಸೇರುತ್ತಿರಲಿಲ್ಲವಂತೆ.

ಆನೆಲಾಯಕ್ಕೆಲ್ಲ ಮೇಲಧಿಕಾರಿ ಒಬ್ಬ ಪಾರುಪತ್ತೇಗಾರ. ಅವನು ಕೋಟೆಯ ಕಂದಕಕ್ಕೆ ಹೊಸ ಮರದ ಸೇತುವೆ ಕಟ್ಟಿಸಿದ. ರಾಜ ಆನೆಯ ಮೇಲೆ ಕೂತು ಮೊದಲು ದಾಟಬೇಕು ಅಂತಾಯಿತು. ವಾದ್ಯ ಊದಿದರು, ಹೂವು ಎರಚಿದರು. ಹೊನ್ನಿ ಒಂದು ಕಾಲು ಮುಂದಿಟ್ಟಿತು, ಹಿಂದಕ್ಕೆ ತೆಗೆಯಿತು. ಬೊಳ್ಳ ಒಂದು ಸಲ ಹೇಳಿದ, ಎರಡು ಸಲ ಹೇಳಿದ, ಮೂರು ಸಲ ಹೇಳಿದ. ಊಹೂಂ! ಕೊನೆಗೆ ಬೊಳ್ಳ ಆನೆಯನ್ನು ಹಿಂದಕ್ಕೆ ತಿರುಗಿಸಿಬಿಟ್ಟ. ನೆರೆದ ಜನ ಕಿಸಕ್ಕನೆ ನಕ್ಕರು. ರಾಜನ ಮುಖ ಕೆಂಪಗಾಯಿತು.

"ಮಾವುತ ಆನೆಗೆ ಹೆಂಡ ಕುಡಿಸಿದಾನೆ ಪ್ರಭು," ಅಂದ ಪಾರುಪತ್ತೇಗಾರ.

"ಹಂಗಾದ್ರೆ ನೀನೇ ವಿಚಾರಿಸು," ಅಂದುಬಿಟ್ಟ ರಾಜ.

ಇನ್ನೇನು ಬೇಕು? ದೂರು ಕೊಟ್ಟವನೂ ಅವನೇ, ವಿಚಾರಿಸಿದವನೂ ಅವನೇ, ತೀರ್ಪು ಬರೆದವನೂ ಅವನೇ. ಬೊಳ್ಳ ಬಾಯಿ ತೆರೆದರೆ "ಸುಮ್ನಿರು" ಅಂದನಂತೆ. ಚಾಕರಿ ಹೋಯಿತು. ಮುಂದಿನ ಸಂತೆಯೊಳಗೆ ಊರು ಬಿಡಬೇಕು, ಆನೆಯ ಮುಖ ನೋಡಕೂಡದು. ಬೊಳ್ಳ ಮನೆಗೆ ಬಂದು ಹೆಂಡತಿಯ ಮುಂದೆ ಮಗುವಿನ ಹಾಗೆ ಅತ್ತ. ಆ ಕಡೆ ಲಾಯದಲ್ಲಿ ಹೊನ್ನಿ ಮೇವು ಮುಟ್ಟಲಿಲ್ಲ.

ಆ ಊರಲ್ಲೊಂದು ಪದ್ಧತಿ ಇತ್ತಂತೆ. ಅರಮನೆಯ ಚಾಕರನಿಗೆ ಶಿಕ್ಷೆ ಆದರೆ ತಮಟೆ ಹೊಡೆದು ಊರಿಗೆಲ್ಲ ಸಾರಬೇಕು. ಮೊದಲನೇ ಏಟಿಗೆ ಅವನ ಹೆಸರು. ಎರಡನೇ ಏಟಿಗೆ ಅವನ ತಪ್ಪು. ಮೂರನೇ ಏಟಿಗೆ, ಅದಕ್ಕೆ ಅವನು ಕೊಟ್ಟ ಉತ್ತರ. ಆಮೇಲೆಯೇ ಶಿಕ್ಷೆಯ ಮಾತು.

ತಮಟೆಯ ಕೂಸಯ್ಯ ಬೆಳಿಗ್ಗೆ ಅರಮನೆ ಬಾಗಿಲಲ್ಲಿ ನಿಂತ. ಡಣ್! "ಮಾವುತ ಬೊಳ್ಳ!" ಡಣ್! "ಆನೆಗೆ ಹೆಂಡ ಕುಡಿಸಿದ್ನಂತೆ!" ಡಣ್! ಅಲ್ಲಿಗೆ ನಿಂತುಹೋದ.

"ಮುಂದಕ್ಕೆ ಸಾರೋ," ಅಂದ ಪಾರುಪತ್ತೇಗಾರ.

"ಮೂರನೇ ಏಟಿಗೆ ಮಾತೇ ಕೊಟ್ಟಿಲ್ವಲ್ಲ ಬುದ್ದಿ. ಬೊಳ್ಳ ಏನಂದ?"

"ಅವನನ್ಯಾರು ಕೇಳ್ತಾರೆ? ಹೊಡಿಯೋದಷ್ಟೇ ನಿನ್ನ ಕೆಲಸ!"

"ಹೊಡೀತೀನಿ ಬುದ್ದಿ," ಅಂದ ಕೂಸಯ್ಯ. ಡಣ್! ಸುಮ್ಮನಾದ. ಡಣ್! ಸುಮ್ಮನಾದ. ಹೊತ್ತು ನೆತ್ತಿಗೇರಿತು. ಅಂಗಡಿಯವರು ಅಂಗಡಿ ಬಿಟ್ಟು, ಹೆಂಗಸರು ಒಲೆ ಬಿಟ್ಟು ಬಂದು ನೆರೆದರು. ಭಟರು ಬೆದರಿಸಿದರು, ಆದರೂ ಕೂಸಯ್ಯನ ಬಾಯಿಂದ ಶಿಕ್ಷೆಯ ಮಾತು ಬರಲಿಲ್ಲ. ಕೊನೆಗೆ ರಾಜನೇ ಹೊರಗೆ ಬಂದ. ಸಂಗತಿ ಕೇಳಿ ತಲೆ ತಗ್ಗಿಸಿದನಂತೆ. ರಾಜ ಸಿಟ್ಟಿನವನೇ ಹೊರತು ಕೆಟ್ಟವನಲ್ಲ.

"ಮತ್ತೆ ವಿಚಾರಣೆ ಆಗ್ಲಿ," ಅಂದ ರಾಜ. ಪಾರುಪತ್ತೇಗಾರ ಪೀಠದ ಕಡೆ ನಡೆದ. "ನೀನು ದೂರು ಕೊಟ್ಟವನು, ಆ ಕಡೆ ನಿಲ್ಲು. ನಾನೂ ಕೂರಬಾರ್ದು, ನನಗೂ ಅವತ್ತು ಸಿಟ್ಟು ಬಂದಿತ್ತು," ಅಂದು ರಾಜ ಯಾರ ಹಂಗೂ ಇಲ್ಲದ ಕುಂಬಾರರ ಮುದ್ದಜ್ಜಿಯನ್ನು ಕರೆಸಿ ಕೂರಿಸಿದ.

ಮುದ್ದಜ್ಜಿ ಪಾರುಪತ್ತೇಗಾರನನ್ನು ಕೇಳಿದಳು: "ಹೆಂಡ ಕುಡ್ಸಿದ್ದು ಕಂಡೋರ್ಯಾರಪ್ಪ?"

ಕಂಡವರು ಒಬ್ಬರೂ ಇಲ್ಲ.

"ನೀನ್ಯಾಕಪ್ಪ ಬೊಳ್ಳ, ಆನೆ ಹಿಂದಕ್ಕೆ ತಿರುಗಿಸ್ದೆ?"

ಅದುವರೆಗೆ ಯಾರೂ ಕೇಳದ ಮಾತು! ಬೊಳ್ಳ ಮುಂದೆ ಬಂದು ಹೇಳಿದ: "ನಾನು ಮೂರು ಸಲ ಹೋಗು ಅಂದೆ ಅಜ್ಜಿ. ಅದು ಕಾಲಲ್ಲಿ ಒತ್ತಿ ನೋಡಿ ಬ್ಯಾಡ ಅಂತು. ಮೇಲೆ ದೊರೆ ಕೂತವ್ರೆ. ನನ್ನ ಬಾಯಿಗಿಂತ ಅದರ ಕಾಲೇ ದೊಡ್ಡದು ಅಂದ್ಕಂಡೆ."

"ಹಂಗಾದ್ರೆ ನಡೀರಿ, ಸೇತುವೆನೂ ಒಂದು ಮಾತು ಕೇಳಾನ," ಅಂದಳು ಅಜ್ಜಿ. ಗಾಡಿಗೆ ಕಲ್ಲು ತುಂಬಿಸಿ, ಎತ್ತು ಬಿಚ್ಚಿಸಿ, ಈಚೆ ದಡದಿಂದಲೇ ಜೋರಾಗಿ ನೂಕಿಸಿಬಿಟ್ಟಳು. ಗಾಡಿ ನಡುಮಧ್ಯಕ್ಕೆ ಹೋಯಿತೋ ಇಲ್ಲವೋ, ಲಟಲಟ ಮುರಿದು, ಕಲ್ಲೂ ಗಾಡಿಯೂ ಸೇತುವೆಯೂ ಕಂದಕದ ಪಾಲಾದವು. ಮರವೆಲ್ಲ ಒಳಗೊಳಗೇ ಕೊಳೆತು ಲಡ್ಡು!

"ದಬ್ಬಿ ಅವನ್ನೂ ಕಂದಕಕ್ಕೆ!" ಅಂತ ಜನ ಪಾರುಪತ್ತೇಗಾರನ ಮೇಲೆ ಬಿದ್ದರು. ಬೊಳ್ಳ ಅಡ್ಡ ನಿಂತ. "ಬ್ಯಾಡ. ಅವರ ಮಾತೂ ಕೇಳಿ. ಕೇಳ್ದೆ ಇದ್ರೆ ಹೆಂಗಿರ್ತದೆ ಅಂತ ನಂಗೊತ್ತು." ಕೇಳಿದರು. ಭಾವಮೈದ ಕೊಟ್ಟ ಮರವನ್ನು ನೋಡದೆ ಹಾಕಿಸಿದ್ದೆ, ಅದು ಬಯಲಾದೀತು ಅಂತ ಸುಳ್ಳು ಹೇಳಿದೆ ಅಂತ ಅವನು ಅತ್ತುಕೊಂಡು ಒಪ್ಪಿಕೊಂಡ. ತಲೆ ಉಳಿಯಿತು, ಅಧಿಕಾರ ಹೋಯಿತು.

ರಾಜ ಊರ ಮುಂದೆಯೇ ಬೊಳ್ಳನಿಗೆ ಕೈ ಮುಗಿದ. "ಜೀವ ಉಳಿಸಿದವನನ್ನೇ ಊರು ಬಿಡಿಸ್ತಿದ್ದೆನಲ್ಲಪ್ಪ," ಅಂದು ಅಂಕುಶವನ್ನು ತಾನೇ ಅವನ ಕೈಗಿತ್ತ.

ಬೊಳ್ಳ ಮೊದಲು ಹೊನ್ನಿಗೆ ಮುದ್ದೆ ತಿನ್ನಿಸಿದ. ಆಮೇಲೆ ಅದನ್ನು ಕರೆದುಕೊಂಡು ನೆಟ್ಟಗೆ ಕೂಸಯ್ಯನ ಮನೆಗೆ ಹೋದ. ಕಾಲಿಗೆ ಬೀಳಹೋದವನನ್ನು ಕೂಸಯ್ಯ ಹಿಡಿದುಕೊಂಡ.

"ಬಿಡಣ್ಣ, ನಾನೇನು ಮಾಡ್ದೆ? ನೀನು ಏನಂದೆ ಅಂತ ಕೇಳ್ದೆ, ಅಷ್ಟೇಯ."

"ಇಡೀ ಊರಲ್ಲಿ ಕೇಳ್ದೋನು ನೀನೊಬ್ನೇ ಕಣಣ್ಣ," ಅಂದ ಬೊಳ್ಳ. ಇಬ್ಬರೂ ಜಗಲಿಯ ಮೇಲೆ ಕೂತು ಒಂದೇ ತಟ್ಟೆಯಲ್ಲಿ ಉಂಡರಂತೆ.

ಅವರು ಉಂಡು ಕೈ ತೊಳೆದರು, ನಾನು ಹೇಳಿ ಬಾಯಿ ಮುಚ್ಚಿದೆ, ನೀವು ಕೇಳಿದಿರಲ್ಲ, ನಿಮ್ಮ ಹೊಟ್ಟೆ ತಣ್ಣಗಿರಲಿ.