ಕಲ್ಲಿನ ಕೆಳಗಿನ ಇದ್ದಿಲು

ಡಂಗುರದವನು ಕಾಡಂಚಿಗೆ ಬಂದು ಸಾರಿದ: "ಕೇಳ್ರಪ್ಪೋ ಕೇಳಿ! ಕಲಿಮಲ್ಲ ಅರಸರ ಅಪ್ಪಣೆ! ಇಲ್ಲಿಯ ನೆಲವೆಲ್ಲ ಅರಮನೆಯ ಕಾಡು. ಕೊಂಡಿದ್ದೇವೆ ಎನ್ನುವವರು ಬಂದು ಮೂರು ಒಗಟು ಬಿಡಿಸಬೇಕು. ಬಿಡಿಸಿದವರಿಗೆ ನೆಲ, ತಪ್ಪಿದವರ ತಲೆ ಅರಸರಿಗೆ!"

ಎಂಥಾ ನ್ಯಾಯ ನೋಡಿ! ಆ ನೆಲವನ್ನು ಕಾಡಿನಿಂದ ಬಿಡಿಸಿ, ಹಣ ಎಣಿಸಿಕೊಂಡು ಮಾರಿದವನು ಇವನ ಅಪ್ಪನೇ. ಈಗ ಮಗನ ಭಟರು ಎಲ್ಲೆಕಲ್ಲುಗಳನ್ನು ಕಿತ್ತು ಹಳ್ಳಕ್ಕೆಸೆದು, "ಎಲ್ಲಿದೆ ನಿಮ್ಮ ಗುರುತು?" ಎಂದು ಕೇಳುತ್ತಿದ್ದರು.

ಮೊದಲು ಹೋದವನು ಎಣ್ಣೆ ವ್ಯಾಪಾರಿ ಪದುಮಣ್ಣ. ಆಮೇಲೆ ಬೆಟ್ಟಯ್ಯ. ಇಬ್ಬರೂ ಎರಡು ಒಗಟು ಬಿಡಿಸಿದರು, ಮೂರನೆಯದಕ್ಕೆ ತಲೆ ಕೊಟ್ಟರು. ಬೆಟ್ಟಯ್ಯನ ತಂಗಿ ಬೊಮ್ಮಕ್ಕ ಮಂಡಕ್ಕಿ ಹುರಿದು ಮಾರುವವಳು. ಅಣ್ಣನ ಚಿತೆ ಆರುವ ಮೊದಲೇ ಮಂಡಕ್ಕಿ ಬುಟ್ಟಿ ಹೊತ್ತು ಅರಮನೆಗೆ ಹೊರಟಳು. ಇದ್ದ ಒಂದು ತುಂಡು ನೆಲವೂ ಹೋದರೆ ಒಲೆ ಹೂಡುವುದಾದರೂ ಎಲ್ಲಿ?

ಸಭೆಯಲ್ಲಿ ಅರಸನ ಪಕ್ಕದಲ್ಲಿ ತಲೆ ಕಡಿಯುವ ತಳವಾರ ಕತ್ತಿ ಹಿಡಿದು ನಿಂತಿದ್ದ. ಅದನ್ನು ಅವನಿನ್ನೂ ತೊಳೆದಿರಲಿಲ್ಲ.

"ಹೆಣ್ಣೇ, ಎರಡು ಕೈ ನಡುವೆ ಹುಟ್ಟುತ್ತದೆ, ನೆಲ ಮುಟ್ಟಿದ ಮೇಲೆ ಯಾರ ಕೈಗೂ ಮರಳುವುದಿಲ್ಲ. ಏನದು?" ಎಂದ ಅರಸ.

"ಧಾರೆಯ ನೀರು, ಬುದ್ಧಿ. ಮಾರುವವರ ಕೈಯಿಂದ ಕೊಳ್ಳುವವರ ಕೈಗೆ ಹೊಯ್ಯುವ ನೀರು. ನಿಮ್ಮಪ್ಪಾಜಿ ನಮ್ಮಪ್ಪನ ಕೈಗೆ ಹೊಯ್ದಿದ್ದರು."

"ಕೇಳಿದ್ದಕ್ಕಷ್ಟೇ ಹೇಳು. ಒಂಟಿ ಕಾಲಲ್ಲಿ ನಿಂತು ನೆರೆಹೊರೆಯ ಜಗಳ ತಡೆಯುತ್ತದೆ. ಅದು ಜಾಗ ಬಿಟ್ಟ ದಿನ ಊರೇ ಅಳುತ್ತದೆ. ಏನದು?"

"ಎಲ್ಲೆಕಲ್ಲು. ನಮ್ಮೂರು ಅಳುತ್ತಿದೆ, ಬುದ್ಧಿ."

ಅರಸ ನಕ್ಕ. ಎರಡು ಒಗಟು ದಾಟಿದವರೊಡನೆಲ್ಲ ಹೀಗೇ ನಕ್ಕಿದ್ದ.

"ಬೆಂಕಿ ಕಂಡೇ ಹುಟ್ಟಿದ್ದು. ಹೂತರೆ ಕೊಳೆಯುವುದಿಲ್ಲ. ಬಾಯಿಲ್ಲ, ಆದರೂ ಸಾಕ್ಷಿ ಹೇಳುತ್ತದೆ, ಎಂದೂ ಸುಳ್ಳಾಡುವುದಿಲ್ಲ. ಏನು?"

"ಇದ್ದಿಲು. ಎಲ್ಲೆಕಲ್ಲು ನೆಡುವ ಮುಂಚೆ ಗುಂಡಿಗೆ ಇದ್ದಿಲು ಸುರಿಯುತ್ತೇವೆ. ಕಲ್ಲು ಕಿತ್ತರೂ ಅದು ಅಲ್ಲೇ ಇರುತ್ತದೆ."

"ನಿನ್ನಣ್ಣನೂ ಇದನ್ನೇ ಹೇಳಿದ. ತಪ್ಪು!"

ಕತ್ತಿ ಮೇಲೆದ್ದಿತು. ಆದರೂ ಬೊಮ್ಮಕ್ಕ ಬಾಯಿ ಬಿಟ್ಟಳು: "ಸಾಯುವವಳು ಕೇಳುತ್ತೇನೆ, ಉತ್ತರ ನೀವೇ ಹೇಳಿಬಿಡಿ. ಮೇಲೆ ಹೋಗಿ ಅಣ್ಣನಿಗೆ ಹೇಳಬೇಕು."

ಅರಸ ಉಂಗುರವಿದ್ದ ಬೆರಳು ಎತ್ತಿ ತೋರಿಸಿದ. "ಇದು. ನನ್ನ ವಂಶದ ಚಿನ್ನದ ಮುದ್ರೆ. ಬೆಂಕಿಯಲ್ಲಿ ಹುಟ್ಟಿದ್ದು, ಮಣ್ಣಲ್ಲಿ ಕೊಳೆಯದ್ದು, ಎಂದೂ ಸುಳ್ಳಾಡದ್ದು."

"ಎಂದೂ?"

"ಎಂದೂ."

ಬೊಮ್ಮಕ್ಕ ಬುಟ್ಟಿಯೊಳಗೆ ಕೈ ಹಾಕಿದಳು. ಮಂಡಕ್ಕಿ ನೆಲಕ್ಕೆ ಚೆಲ್ಲಿತು. ತಳದಿಂದ ಅಂಗೈಯಗಲದ ಸುಟ್ಟ ಮಣ್ಣಿನ ಬಿಲ್ಲೆಯೊಂದನ್ನು ಮೇಲೆತ್ತಿದಳು. ಅದಕ್ಕೆ ಇದ್ದಿಲ ಮಸಿ ಮೆತ್ತಿತ್ತು.

"ನಿಮ್ಮವರು ಕಲ್ಲು ಕಿತ್ತರು, ಆ ಸೋಮಾರಿಗಳಿಗೆ ಗುಂಡಿ ಕೆದಕಲು ಪುರುಸೊತ್ತಿರಲಿಲ್ಲ. ನಾನು ಕೆದಕಿದೆ. ಇದ್ದಿಲ ನಡುವೆ ಇದಿತ್ತು. ಮಾರಿದ ದಿನ ನಿಮ್ಮಪ್ಪಾಜಿ ಹಸಿ ಮಣ್ಣಿಗೆ ಒತ್ತಿದ ಮುದ್ರೆ, ಇದೇ ಉಂಗುರದ್ದು. ಮುದ್ರೆ ಸುಳ್ಳಾಡುವುದಿಲ್ಲ ಎಂದರೆ ನೆಲ ನಮ್ಮದು. ಸುಳ್ಳಾಡುತ್ತದೆ ಎಂದರೆ ನಿಮ್ಮ ಉತ್ತರ ತಪ್ಪು, ನನ್ನದೇ ಸರಿ. ಆಗಲೂ ನೆಲ ನಮ್ಮದೇ."

"ಕಡಿಯೋ ಅವಳನ್ನು!" ಎಂದು ಅರಸ ಕೂಗಿದ.

ಬೊಮ್ಮಕ್ಕ ತಳವಾರನ ಕಡೆ ತಿರುಗಿದಳು. "ಅಣ್ಣಾ, ನೀನು ಕತ್ತಿ ಎತ್ತುವುದು ಆ ಮುದ್ರೆಯ ಮೇಲೆ ಆಣೆಯಿಟ್ಟು ತಾನೆ? ಅದೇ ಸುಳ್ಳಾದರೆ ನೀನು ಕಡಿದವರೆಲ್ಲ ಯಾರ ಲೆಕ್ಕಕ್ಕೆ?"

ಅವನ ಕತ್ತಿ ನಿಧಾನಕ್ಕೆ ಇಳಿಯಿತು. ಸಾಲಿನಲ್ಲಿದ್ದ ಭಟರೂ ಒಬ್ಬೊಬ್ಬರಾಗಿ ಈಟಿ ಇಳಿಸಿದರು. ಅರಸ ಸುತ್ತ ನೋಡಿದ. ಅವನ ಕಣ್ಣಿಗೆ ಕಣ್ಣು ಕೊಡುವವರು ಯಾರೂ ಇರಲಿಲ್ಲ.

"ಮುದ್ರೆ ಸುಳ್ಳಾಡುವುದಿಲ್ಲ," ಎಂದ ಕೊನೆಗೆ. "ಕೊಂಡವರ ನೆಲ ಕೊಂಡವರಿಗೇ. ನಿನಗೇನು ಬಹುಮಾನ ಬೇಕು?"

"ನಿಮ್ಮವರು ಎಸೆದ ಕಲ್ಲುಗಳನ್ನು ನೀವೇ ಹೊತ್ತು ತಂದು ನೆಡಬೇಕು. ನನ್ನಣ್ಣನನ್ನಂತೂ ತಂದುಕೊಡಲಾರಿರಿ."

ಅರಸ ಕಲ್ಲು ಹೊತ್ತ. ಊರವರು ನೋಡುತ್ತ ನಿಂತರು. ಪದುಮಣ್ಣನ ಹೆಂಡತಿ ಮಾತ್ರ ಗಟ್ಟಿಯಾಗಿ ಅತ್ತಳು. ಬೆಟ್ಟಯ್ಯನ ಗಡಿಯ ಗುಂಡಿಗೆ ಬಂದಾಗ ಬೊಮ್ಮಕ್ಕ ಅರಸನನ್ನು ತಡೆದು, ಮಡಿಲಿನಿಂದ ಹಿಡಿ ತುಂಬ ಇದ್ದಿಲು ತೆಗೆದು ಗುಂಡಿಗೆ ಸುರಿದಳು.

"ಎಲ್ಲಿಯದು ಇದು?" ಎಂದ ಅರಸ.

"ಅಣ್ಣನ ಚಿತೆಯದು. ಈಗ ನೆಡಿ, ಬುದ್ಧಿ."