ತಪಾಸಣೆಯ ದಿನ ಕಿತ್ತ ಹಲ್ಲು

ಹೊಸ ಡೆಂಟಲ್ ಕಾಲೇಜಿಗೆ ಸರ್ಕಾರದ ಅನುಮತಿ ಬೇಕಿತ್ತು. ಅನುಮತಿಗೆ ರೋಗಿಗಳು ಬೇಕಿತ್ತು. ತಪಾಸಣೆಯ ದಿನ ಕಾಲೇಜಿನ ಅಧ್ಯಕ್ಷರು ಕಸ ಗುಡಿಸುವ ಚಿಕ್ಕತಾಯಮ್ಮನನ್ನು ಬಾಡಿಗೆ ಕುರ್ಚಿಯಲ್ಲಿ ಕೂರಿಸಿ, "ಸುಮ್ಮನೆ ನರಳು. ಒಂದು ಮಾತಾಡಿದರೂ ಕೆಲಸ ಹೋಯ್ತು ಅಂದ್ಕೋ" ಎಂದರು.

ಆಕೆಗೆ ಮೂರು ತಿಂಗಳಿಂದ ನಿಜವಾಗಿಯೂ ಹಲ್ಲುನೋವು. ಕಾಲೇಜಿನಲ್ಲಿ ಡಾಕ್ಟರೇ ಇರಲಿಲ್ಲ. ಇವತ್ತು ಒಬ್ಬರು ಬಾಡಿಗೆಗೆ ಬಂದಿದ್ದರು.

ತಪಾಸಣೆಯ ಸಾಹೇಬರು ಎದುರಿಗೆ ಬಂದದ್ದೇ ತಡ, ಆಕೆ ಮಾತಿಲ್ಲದೆ ಡಾಕ್ಟರ ಕೈ ಹಿಡಿದು ದವಡೆ ಹಲ್ಲಿನ ಮೇಲಿಟ್ಟುಕೊಂಡಳು.

"ಕೀಳಿ, ನೋಡೋಣ" ಎಂದರು ಸಾಹೇಬರು. ಬೇಡ ಎನ್ನಲಾಗದೆ ಅಧ್ಯಕ್ಷರು ತಲೆಯಾಡಿಸಿದರು. ಹಲ್ಲು ಬಂತು. ಅನುಮತಿಯೂ ಬಂತು.

ಸಂಜೆ ಕುರ್ಚಿಗಳು ಲಾರಿ ಹತ್ತಿದವು, ಡಾಕ್ಟರು ಕಾರು ಹತ್ತಿದರು.

"ಸ್ವಾಮಿ, ಇನ್ನೊಂದು ಹಲ್ಲೂ ನೋಯ್ತದೆ. ಮತ್ತೆ ತಪಾಸಣೆ ಯಾವಾಗ?"

"ಬರೋ ವರ್ಷ" ಎಂದರು ಅಧ್ಯಕ್ಷರು.

ಚಿಕ್ಕತಾಯಮ್ಮ ಆ ಹಲ್ಲಿನ ಕಡೆಯ ಕೆನ್ನೆ ಒತ್ತಿ ಹಿಡಿದು ಪೊರಕೆ ಎತ್ತಿಕೊಂಡಳು.